ಕುದುರೆಯ ಮುಂದೆ ನಿಂತುಹೋದ ಕಾಲು

ಶಾಲೆಯಲ್ಲಿ ನನ್ನ ಹಿಂದಿನ ಸಾಲಿನಲ್ಲಿ ಕೂರುತ್ತಿದ್ದ ಹುಡುಗಿಯೊಬ್ಬಳು ನನ್ನಿಂದ ಬೆಳ್ಳುಳ್ಳಿ ವಾಸನೆ ಬರುತ್ತದೆ ಎಂದು ಟೀಚರಿಗೆ ದೂರು ಕೊಟ್ಟಿದ್ದಳು. ಆಗ ನಾನು ಐದನೇ ಕ್ಲಾಸಿನಲ್ಲಿದ್ದೆ. ಟೀಚರು ಒಳ್ಳೆಯವರು. ನನ್ನನ್ನು ಪಕ್ಕಕ್ಕೆ ಕರೆದು, ಒಂದೊಂದು ದೇಶದವರ ಅಡುಗೆ ಒಂದೊಂದು ಥರ ಇರುತ್ತದೆ, ಅದಕ್ಕೆ ನಾಚಿಕೊಳ್ಳಬೇಕಾಗಿಲ್ಲ ಎಂದು ಸಮಾಧಾನ ಹೇಳಿದರು. ನಾನು ತಲೆ ಆಡಿಸಿದೆ. ನಮ್ಮದು ಮೈಸೂರಿನ ಮಡಿವಂತರ ಮನೆ, ನಮ್ಮ ಅಡುಗೆಮನೆಗೆ ಬೆಳ್ಳುಳ್ಳಿ ಬಂದದ್ದೇ ಇಲ್ಲ ಎಂದು ಹೇಳುವಷ್ಟು ಇಂಗ್ಲಿಷು ನನಗೆ ಬರುತ್ತಿತ್ತು. ಬಾಯಿ ಬರಲಿಲ್ಲ.

ವಾಸನೆ ಬರುತ್ತಿದ್ದದ್ದು ಗಿಲ್‌ರಾಯಿಂದ. ನಾವು ಇದ್ದದ್ದು ಕ್ಯಾಲಿಫೋರ್ನಿಯಾದ ಮಿಲ್ಪಿಟಾಸಿನ ಒಂದು ಅಪಾರ್ಟ್‌ಮೆಂಟಿನಲ್ಲಿ. ಅಪ್ಪ ಹತ್ತಿರದ ಎಲೆಕ್ಟ್ರಾನಿಕ್ಸ್ ಕಂಪನಿಯಲ್ಲಿ ಎಂಜಿನಿಯರು. ನಾನು ಜಿಮ್ನಾಸ್ಟಿಕ್ಸ್ ಕಲಿಯುತ್ತಿದ್ದ ಜಿಮ್ಮು ಮಾತ್ರ ದಕ್ಷಿಣಕ್ಕೆ, ಗಿಲ್‌ರಾಯ್ ಎಂಬ ಬೆಳ್ಳುಳ್ಳಿ ಬೆಳೆಯುವ ಊರಿನಲ್ಲಿ, ಹಳೆಯ ಗೋದಾಮೊಂದರಲ್ಲಿತ್ತು. ನಮ್ಮ ಕೋಚ್ ಬಾಡಿಗೆ ಕಡಿಮೆ ಎಂದು ಅದನ್ನು ಹಿಡಿದಿದ್ದ. ಮೊದಲು ಅಲ್ಲಿ ಬೆಳ್ಳುಳ್ಳಿ ತುಂಬಿಡುತ್ತಿದ್ದರು. ಗೋಡೆ, ನೆಲ, ನಾವು ಬೀಳುವ ದಪ್ಪ ಹಾಸು, ಎಲ್ಲಕ್ಕೂ ಆ ವಾಸನೆ ಹತ್ತಿತ್ತು. ಬೆವರಿದ ಮೈಗೆ ಅದು ಇನ್ನೂ ಚೆನ್ನಾಗಿ ಅಂಟುತ್ತಿತ್ತು. ಮನೆಗೆ ಬಂದ ಕನ್ನಡದ ಹೆಂಗಸರು ಮೂಗು ಅರಳಿಸಿ ಅಡುಗೆಮನೆಯ ಕಡೆ ನೋಡಿದರೆ ಅಮ್ಮ ಕುಗ್ಗಿಹೋಗುತ್ತಿದ್ದಳು. "ಅದು ಇವಳ ಬಟ್ಟೆ ವಾಸನೆ ಕಣ್ರೀ" ಎನ್ನುತ್ತಿದ್ದಳು. ಹೀಗೆ ಒಂದೇ ವಾಸನೆಗೆ ನಾನು ಶಾಲೆಯಲ್ಲೂ ಅಮ್ಮ ಮನೆಯಲ್ಲೂ ತಲೆ ತಗ್ಗಿಸಿದೆವು.

ನಾನು ಈ ಆಟಕ್ಕೆ ಬಂದದ್ದು ಆಕಸ್ಮಿಕ. ನಾಲ್ಕು ವರ್ಷದವಳಿದ್ದಾಗ ಅಮೆರಿಕಕ್ಕೆ ಬಂದವಳು. ಎರಡನೇ ಕ್ಲಾಸಿನಲ್ಲಿ ಆಟದ ಮೈದಾನದ ಕಬ್ಬಿಣದ ಕಂಬಿಗೆ ತಲೆಕೆಳಗಾಗಿ ಜೋತುಬಿದ್ದಿದ್ದಾಗ ಪಿ.ಟಿ. ಮೇಷ್ಟರು ನೋಡಿ ಅಪ್ಪನಿಗೆ ಹೇಳಿದರು. ಅಪ್ಪನಿಗೆ ಅದೊಂದು ಹೆಮ್ಮೆ. ಅಮ್ಮನಿಗೆ ಆ ಬಟ್ಟೆಯದೇ ಚಿಂತೆ. ತೊಡೆಯವರೆಗೂ ಕಾಲು ಕಾಣುವ ಹಾಗೆ, ಮೈಗೆ ಅಂಟಿಕೊಂಡ ಲಿಯೋಟಾರ್ಡು ಹಾಕಿ ಮಗಳು ಗಂಡಸರ ಎದುರು ಕುಣಿಯುವುದನ್ನು ಅವಳು ಮೊದಲ ವರ್ಷವೆಲ್ಲ ನೆಟ್ಟಗೆ ನೋಡಲಿಲ್ಲ. ಆದರೆ ನನ್ನನ್ನು ಕರೆದುಕೊಂಡು ಹೋಗುತ್ತಿದ್ದವಳು ಅವಳೇ. ಫ್ರೀವೇಯಲ್ಲಿ ಕಾರು ಓಡಿಸಲು ಕಲಿತದ್ದೂ ಅದಕ್ಕಾಗಿಯೇ. ಸೀರೆಯ ಮೇಲೆ ಸ್ವೆಟರು ಹಾಕಿ, ಸ್ಟಿಯರಿಂಗನ್ನು ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದು, ಬಲಗಡೆಯ ಸಾಲು ಬಿಡದೆ ಓಡಿಸುತ್ತಿದ್ದಳು. ನಾನು ಹಿಂದಿನ ಸೀಟಿನಲ್ಲಿ ಮೊಸರನ್ನ ತಿನ್ನುತ್ತಾ ಹೋಂವರ್ಕು ಮುಗಿಸುತ್ತಿದ್ದೆ. ಅವಳು ಕನ್ನಡದಲ್ಲಿ ಕೇಳಿದರೆ ನಾನು ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಿದ್ದೆ.

ಕೋಚ್ ಪೂರ್ವ ಯುರೋಪಿನಿಂದ ಬಂದವನು, ಮಾತು ಕಮ್ಮಿ. ಹೊಗಳಬೇಕಾದರೆ "ಮತ್ತೊಮ್ಮೆ" ಎನ್ನುವನು, ಬೈಯಬೇಕಾದರೂ ಅದೇ. ನನ್ನಲ್ಲಿ ಅವನಿಗೆ ಹಿಡಿಸಿದ್ದು ನಾನು ಬಿದ್ದರೆ ಅಳುವುದಿಲ್ಲ ಎಂಬುದು. ಹನ್ನೆರಡನೇ ವಯಸ್ಸಿಗೆ ಕ್ಯಾಲಿಫೋರ್ನಿಯಾದಲ್ಲಿ ನನ್ನ ವಯಸ್ಸಿನವರ ಪೈಕಿ ನಾನು ಮೊದಲ ಸಾಲಿನಲ್ಲಿದ್ದೆ. ಒಂದು ಸಂಜೆ ಅವನು ಪಾರ್ಕಿಂಗ್ ಲಾಟಿನವರೆಗೂ ಬಂದು ಅಮ್ಮನ ಹತ್ತಿರ ಮಾತಾಡಿದ. ಮುಂದಿನ ವರ್ಷ ಯುರೋಪಿಗೆ ಹೋಗುವ ಜೂನಿಯರ್ ಟೀಮಿಗೆ ನನ್ನನ್ನು ತಯಾರು ಮಾಡಬಹುದು. ಆದರೆ ದೇಶದ ಹೆಸರಿನಲ್ಲಿ ಆಡಬೇಕಾದರೆ ಆ ದೇಶದವಳಾಗಿರಬೇಕು. ನಮ್ಮೆಲ್ಲರ ಹತ್ತಿರ ಇದ್ದದ್ದು ಗ್ರೀನ್ ಕಾರ್ಡು ಮತ್ತು ಭಾರತದ ಪಾಸ್‌ಪೋರ್ಟು.

ಮನೆಗೆ ಬಂದು ಊಟಕ್ಕೆ ಕೂತಾಗ ಅಮ್ಮ ಅಪ್ಪನಿಗೆ ಹೇಳಿದಳು.

"ಅಮೆರಿಕಾ ಪಾಸ್‌ಪೋರ್ಟು ಬೇಕಂತೆ."

ಅಪ್ಪ ಅನ್ನ ಕಲೆಸುತ್ತಿದ್ದವರು ನಿಲ್ಲಿಸಲಿಲ್ಲ. "ಸರಿ, ತಗೊಳ್ಳೋಣ. ನಾವಿಬ್ಬರೂ ಸಿಟಿಜನ್ ಆದ್ರೆ ಅವಳಿಗೂ ತಾನಾಗೇ ಬರುತ್ತೆ."

"ಮತ್ತೆ ವಾಪಸ್ ಹೋಗೋದು?"

"ಹೋಗೋದಕ್ಕೇನು, ಯಾವಾಗ ಬೇಕಾದ್ರೂ ಹೋಗಬಹುದು. ಈಗ ಇವಳಿಗೆ ಬಂದಿರೋ ಚಾನ್ಸು ಬಿಟ್ರೆ ಮತ್ತೆ ಬರಲ್ಲ."

ಅಮ್ಮ ನನ್ನ ಕಡೆ ನೋಡಿದಳು. ನಾನು ತಟ್ಟೆ ನೋಡಿದೆ. ವಾಪಸ್ ಹೋಗುವುದು ಎಂಬ ಮಾತನ್ನು ನಾನು ಬುದ್ಧಿ ಬಂದಾಗಿನಿಂದ ಕೇಳಿದ್ದೆ. ಇನ್ನೆರಡು ವರ್ಷ, ಆಮೇಲೆ ಮೈಸೂರು. ಮಿಕ್ಸಿ ಕೊಂಡರೂ ಅಲ್ಲಿಯ ಕರೆಂಟಿಗೆ ಆಗುತ್ತದಾ ಎಂದು ನೋಡಿ ಕೊಳ್ಳುತ್ತಿದ್ದರು. ಆ ಮಾತು ಆ ಊಟದ ಹೊತ್ತಿಗೆ ಮುಗಿಯಿತು, ಮುಗಿದದ್ದು ನನ್ನಿಂದ ಎಂದು ನನಗೆ ಗೊತ್ತಾಯಿತು.

ಪ್ರಮಾಣವಚನ ಓಕ್ಲ್ಯಾಂಡಿನ ದೊಡ್ಡ ಸಭಾಂಗಣವೊಂದರಲ್ಲಿ ನಡೆಯಿತು. ಅಪ್ಪ ಮದುವೆಯ ಸೂಟು ಹಾಕಿದ್ದರು, ಹೊಟ್ಟೆಯ ಹತ್ತಿರ ಗುಂಡಿ ಬಿಗಿಯುತ್ತಿತ್ತು. ಅಮ್ಮ ಹಸಿರು ಮೈಸೂರು ಸಿಲ್ಕು. ನೂರಾರು ಜನ ಎದ್ದು ನಿಂತು ಬಲಗೈ ಎತ್ತಿ, ಹಿಂದಿನ ದೇಶದ ಮೇಲಿನ ನಿಷ್ಠೆಯನ್ನೆಲ್ಲ ಬಿಟ್ಟೆ ಎಂದು ಒಬ್ಬರು ಹೇಳಿಕೊಟ್ಟಂತೆ ಹೇಳಿದರು. ಅಪ್ಪನ ಧ್ವನಿ ಗಟ್ಟಿಯಾಗಿ ಕೇಳಿಸಿತು. ಅಮ್ಮನ ಕೈ ಮೇಲಿತ್ತು, ತುಟಿ ಅಲುಗಲಿಲ್ಲ. ನಾನು ಕುರ್ಚಿಯ ಮೇಲೆ ಕೂತು ಅವಳ ತುಟಿಯನ್ನೇ ನೋಡುತ್ತಿದ್ದೆ. ಯಾರಾದರೂ ಕಂಡುಹಿಡಿದು ಹೊರಗೆ ಕಳಿಸಿಬಿಟ್ಟರೆ ಎಂದು ಹೆದರಿಕೆ. ಆಮೇಲೆ ಅಪ್ಪ ಹೋಟೆಲಿಗೆ ಕರೆದುಕೊಂಡು ಹೋದರು. ಅಮ್ಮ ಏನನ್ನೂ ಮುಟ್ಟಲಿಲ್ಲ. ಇವತ್ತು ಏಕಾದಶಿ ಎಂದಳು. ಮನೆಗೆ ಬಂದು ಗೋಡೆಯ ಪಂಚಾಂಗ ನೋಡಿದೆ. ಏಕಾದಶಿ ಇರಲಿಲ್ಲ.

ಆಗ ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ಸುತ್ತ ಇದ್ದ ಕನ್ನಡದ ಮನೆಗಳು ಹೆಚ್ಚಿರಲಿಲ್ಲ, ಎಲ್ಲರಿಗೂ ಎಲ್ಲರ ವಿಷಯ ಗೊತ್ತಿರುತ್ತಿತ್ತು. ಶನಿವಾರ ಒಬ್ಬರ ಮನೆಯಲ್ಲಿ ಸೇರಿ ಊಟ ಮಾಡುವುದು ರೂಢಿ. ಅಪ್ಪ ಸಿಟಿಜನ್ ಆದದ್ದು ತಿಳಿದಾಗ ಮಾತು ಬಂತು. ಅಪ್ಪನಿಗಿಂತ ಹಿರಿಯರಾದ, ಉಡುಪಿ ಕಡೆಯ ಒಬ್ಬ ಡಾಕ್ಟರು ಇದ್ದರು. ನಾವು ಮಕ್ಕಳು ಅವರನ್ನು ಅಂಕಲ್ ಎನ್ನುತ್ತಿದ್ದೆವು.

"ಎಂತ ಮಾರಾಯ್ರೆ, ನೀವೇ ಮೊದಲು ಊರಿಗೆ ಹೋಗುವವರು ಅಂತ ನಾವು ಎಣಿಸಿದ್ದು," ಎಂದರು ಅವರು.

"ಏನ್ಮಾಡೋದು ಡಾಕ್ಟ್ರೇ, ಮಗಳಿಗೋಸ್ಕರ ಮಾಡ್ಬೇಕಾಯ್ತು," ಎಂದರು ಅಪ್ಪ.

ಡಾಕ್ಟರ್ ಅಂಕಲ್ ನನ್ನನ್ನು ಹತ್ತಿರ ಕರೆದು ತಲೆಯ ಮೇಲೆ ಕೈ ಇಟ್ಟರು. "ನೋಡು ಮಗ, ನಿನಗೆ ಬೇಕಾಗಿ ನಿನ್ನಪ್ಪ ದೇಶವನ್ನೇ ಬಿಟ್ಟರು. ಒಂದು ಮೆಡಲ್ ಆದ್ರೂ ತರಬೇಕು, ಆಯ್ತಾ?"

ಎಲ್ಲರೂ ನಕ್ಕರು, ಪ್ರೀತಿಯಿಂದಲೇ. ನಾನೂ ನಕ್ಕೆ. ಅಂದಿನಿಂದ ಯಾರ ಮನೆಗೆ ಹೋದರೂ ಅಪ್ಪ ಮಗಳಿಗೋಸ್ಕರ ಎಂಬ ಅದೇ ಮಾತು ಹೇಳಿದರು. ಮೈಸೂರಿನಲ್ಲಿದ್ದ ದೊಡ್ಡಪ್ಪನಿಗೆ ಫೋನಿನಲ್ಲೂ ಹೇಳಿದರು. ನಾನು ಬಾತ್‌ರೂಮಿಗೆ ಹೋಗಿ ನಲ್ಲಿ ಬಿಟ್ಟು ಕೂತಿರುತ್ತಿದ್ದೆ.

ಮೊದಲು ಕೆನಡಾಕ್ಕೆ ಹೋದೆ. ಅಲ್ಲಿ ಬೀಮಿನ ಮೇಲೆ, ಅಂದರೆ ಅಂಗೈ ಅಗಲದ ಮರದ ತೊಲೆಯ ಮೇಲೆ, ಒಂದು ಸಲವೂ ಜಾರದೆ ಮುಗಿಸಿ ಮೂರನೆಯವಳಾದೆ. ಎದೆಯ ಮೇಲೆ ಅಮೆರಿಕದ ಧ್ವಜ ಹೊಲಿದ ಜಾಕೆಟ್ಟಿನಲ್ಲಿ ತೆಗೆದ ಫೋಟೋ ನಮ್ಮ ಊರಿನ ಪೇಪರಿನಲ್ಲಿ ಬಂತು. ಅಪ್ಪ ಅದನ್ನು ಆಫೀಸಿಗೆ ತೆಗೆದುಕೊಂಡು ಹೋದರು. ಕೆಲವು ತಿಂಗಳಾದ ಮೇಲೆ ಪಶ್ಚಿಮ ಜರ್ಮನಿ. ಅದು ದೊಡ್ಡ ಸ್ಪರ್ಧೆ. ಒಂದೊಂದು ದೇಶದಿಂದ ನಾಲ್ಕು ಹುಡುಗಿಯರು, ನಾಲ್ವರ ಅಂಕವೂ ಟೀಮಿನ ಲೆಕ್ಕಕ್ಕೆ.

ನಮ್ಮ ಆಟದಲ್ಲಿ ಕುದುರೆ ಎಂದು ಒಂದು ಸಾಧನವಿತ್ತು. ಕುದುರೆಯ ಬೆನ್ನಿನ ಆಕಾರ, ಮೇಲೆ ಚರ್ಮ, ಕೆಳಗೆ ಕಬ್ಬಿಣದ ಕಾಲು. ದೂರದಿಂದ ಓಡಿ ಬಂದು, ಮುಂದಿರುವ ಸ್ಪ್ರಿಂಗಿನ ಹಲಗೆಯ ಮೇಲೆ ಜಿಗಿದು, ಕುದುರೆಗೆ ಕೈ ಕೊಟ್ಟು ಗಾಳಿಯಲ್ಲಿ ತಿರುಗಿ ಆಚೆ ನಿಲ್ಲಬೇಕು. ಆ ವರ್ಷಗಳಲ್ಲಿ ಒಂದು ಹೊಸ ಬಗೆ ಬಂದಿತ್ತು: ಹಲಗೆಯ ಹತ್ತಿರವೇ ಮೈ ತಿರುಗಿಸಿ, ಕುದುರೆಗೆ ಬೆನ್ನು ಹಾಕಿ ಹಾರುವುದು. ಹಾರುವಾಗ ಕುದುರೆ ಕಣ್ಣಿಗೆ ಕಾಣಿಸುವುದಿಲ್ಲ, ಅದು ಇದ್ದಲ್ಲೇ ಇದೆ ಎಂದು ನಂಬಿ ಹಿಂದಕ್ಕೆ ಬೀಳಬೇಕು. ಕೋಚ್ ನನಗೆ ಅದನ್ನೇ ಕಲಿಸಿದ್ದ. ಗಿಲ್‌ರಾಯಿನಲ್ಲಿ ನಾನು ಅದನ್ನು ನಿದ್ದೆಯಲ್ಲೂ ಮಾಡುತ್ತಿದ್ದೆ.

ಸ್ಪರ್ಧೆಯ ಬೆಳಿಗ್ಗೆ ಅಭ್ಯಾಸದ ಸಭಾಂಗಣದಲ್ಲಿ ಬೇರೆ ದೇಶದ ಹುಡುಗಿಯೊಬ್ಬಳ ಕಾಲು ಹಲಗೆಯ ಅಂಚಿನಲ್ಲಿ ಜಾರಿತು. ಬೆನ್ನು ಹಾಕಿ ಹಾರಿದವಳು ಕುದುರೆಯ ಮೇಲೆ ಬೀಳದೆ ಅದರ ಪಕ್ಕಕ್ಕೆ ಕತ್ತು ಕೊಟ್ಟು ಬಿದ್ದಳು. ಸ್ಟ್ರೆಚರಿನಲ್ಲಿ ಎತ್ತಿಕೊಂಡು ಹೋದರು. ಕೈಕಾಲು ಆಡುತ್ತಿವೆ, ಏನೂ ಆಗಿಲ್ಲ ಎಂದು ಆಮೇಲೆ ಸುದ್ದಿ ಬಂತು, ಅದು ನಿಜವೂ ಆಗಿತ್ತು. ಕೋಚ್ ನನ್ನ ಭುಜ ಹಿಡಿದು, "ನೋಡಬೇಡ. ನಿನ್ನ ಕೆಲಸ ನೀನು ಮಾಡು," ಎಂದ.

ಮಧ್ಯಾಹ್ನ ಮೂರು ಸಾಧನ ಮುಗಿದಾಗ ನಮ್ಮ ಟೀಮು ಮೂರನೇ ಸ್ಥಾನದಲ್ಲಿತ್ತು. ಉಳಿದದ್ದು ಕುದುರೆ, ಅದರಲ್ಲಿ ಕೊನೆಯವಳು ನಾನು. ಮೈಕಿನಲ್ಲಿ ನನ್ನ ಹೆಸರನ್ನು ತುಂಡು ತುಂಡು ಮಾಡಿ ಕೂಗಿದರು, ಹಿಂದೆಯೇ ಅಮೆರಿಕದ ಹೆಸರು. ಕೈ ಎತ್ತಿ ತೀರ್ಪುಗಾರರಿಗೆ ನಮಸ್ಕಾರ ಹೇಳಿ ಓಡಿದೆ. ಹಲಗೆ ಹತ್ತಿರ ಬಂತು. ಮೈ ತಿರುಗಬೇಕಾದ ಜಾಗದಲ್ಲಿ ನನ್ನ ಕಾಲು ನಿಂತುಹೋಯಿತು.

ಬಿದ್ದಿದ್ದರೆ ಅದಕ್ಕೊಂದು ಮರ್ಯಾದೆ ಇರುತ್ತಿತ್ತು. ಬಿದ್ದವರಿಗೆ ಜನ ಚಪ್ಪಾಳೆ ತಟ್ಟುತ್ತಾರೆ. ಓಡಿಕೊಂಡು ಬಂದು ಸುಮ್ಮನೆ ನಿಂತವಳಿಗೆ ಏನು ಮಾಡಬೇಕೆಂದು ಯಾರಿಗೂ ತಿಳಿಯುವುದಿಲ್ಲ. ಎಲ್ಲೋ ಮೇಲಿನ ಸಾಲಿನಲ್ಲಿ ಒಂದು ಮಗು ಜೋರಾಗಿ ಏನೋ ಕೇಳಿತು, ಅದರ ತಾಯಿ ಶ್ ಎಂದಳು. ಕುದುರೆಯನ್ನು ಮುಟ್ಟದಿದ್ದರೆ ಇನ್ನೊಮ್ಮೆ ಓಡಲು ಅವಕಾಶವಿತ್ತು. ನಡೆದು ವಾಪಸು ಹೋದೆ. ಆ ನಡೆ ಓಟಕ್ಕಿಂತ ಎಷ್ಟೋ ಉದ್ದ ಎನ್ನಿಸಿತು. ನಿನಗೆ ಬೇಕಾಗಿ ದೇಶವನ್ನೇ ಬಿಟ್ಟರು ಎಂಬ ಮಾತು ಡಾಕ್ಟರ್ ಅಂಕಲ್ ಧ್ವನಿಯಲ್ಲೇ ಕಿವಿಯಲ್ಲಿ ಕೇಳುತ್ತಿತ್ತು. ಮತ್ತೆ ಓಡಿದೆ. ಈ ಸಲ ನಿಲ್ಲಲು ಹೋಗಿ ನಿಲ್ಲಲಾಗದೆ ಎರಡೂ ಕೈ ಮುಂದೆ ಚಾಚಿ ಕುದುರೆಯನ್ನು ತಬ್ಬಿಕೊಂಡುಬಿಟ್ಟೆ. ಮುಟ್ಟಿದ ಮೇಲೆ ಮುಗಿಯಿತು. ಬೋರ್ಡಿನಲ್ಲಿ ಸೊನ್ನೆ ಬಂತು.

ಟೀಮು ಕೆಳಗೆ ಜಾರಿತು. ಉಳಿದ ಮೂವರು ಹುಡುಗಿಯರು ನನ್ನನ್ನು ಬೈಯಲಿಲ್ಲ, ಬಸ್ಸಿನಲ್ಲಿ ನನ್ನ ಪಕ್ಕದ ಸೀಟಿನಲ್ಲಿ ಯಾರೂ ಕೂರಲಿಲ್ಲ ಅಷ್ಟೆ. ಕೋಚ್ "ಬ್ಯಾಗು ಮರೆಯಬೇಡ" ಎಂದ.

ಏರ್‌ಪೋರ್ಟಿಗೆ ಅಪ್ಪ ಅಮ್ಮ ಇಬ್ಬರೂ ಬಂದಿದ್ದರು. ಅಪ್ಪ ಬ್ಯಾಗು ತೆಗೆದುಕೊಂಡು, "ಪ್ರಯಾಣ ಸುಖವಾಗಿತ್ತಾ?" ಎಂದರು, ನೆಂಟರನ್ನು ಕೇಳುವ ಹಾಗೆ. ನಾನು ಸಾರಿ ಎಂದೆ. ಅವರು ಕೇಳಿಸಿಕೊಳ್ಳದವರಂತೆ ಕಾರಿನ ಬೀಗದ ಕೈ ಹುಡುಕಿದರು. ಆಗ ಅಮ್ಮ ಮೆಲ್ಲಗೆ ಹೇಳಿದಳು, "ಶನಿವಾರ ಎಲ್ಲರನ್ನೂ ಊಟಕ್ಕೆ ಕರೆದಿದೀವಿ ಪುಟ್ಟಿ. ನೀನು ಹೊರಡೋಕ್ಕೆ ಮುಂಚೇನೇ ಕರೆದದ್ದು. ಈಗ ಬೇಡ ಅನ್ನಕ್ಕಾಗಲ್ಲ."

ಎಲ್ಲರೂ ಬಂದರು. ಒಬ್ಬರು ಒಬ್ಬಟ್ಟು ಮಾಡಿ ತಂದಿದ್ದರು. ಯಾವ ಪ್ಲೇಸು ಬಂತು ಎಂದು ಯಾರೋ ಕೇಳಿದಾಗ ಅಪ್ಪ, "ಅಷ್ಟು ದೇಶ ಬಂದಿದ್ವು, ಭಾಗವಹಿಸೋದೇ ದೊಡ್ಡದು," ಎಂದು ಮಾತು ತಿರುಗಿಸಿದರು. ಅವರ ಕಿವಿ ಕೆಂಪಾಗಿತ್ತು. ಅಪ್ಪನ ಮುಖ ಹಾಗೆ ಆದದ್ದನ್ನು ನಾನು ಅದಕ್ಕೆ ಮುಂಚೆ ನೋಡಿರಲಿಲ್ಲ. ಊಟಕ್ಕೆ ಇನ್ನೂ ಹೊತ್ತಿತ್ತು. ಡಾಕ್ಟರ್ ಅಂಕಲ್ ಸೋಫಾದಿಂದ ಕರೆದರು.

"ಬಾ ಮಗ. ಟೀವಿಯಲ್ಲಿ ಬಿಟ್ಟರೆ ನಾವು ಯಾರೂ ಕಂಡದ್ದೇ ಇಲ್ಲ. ಒಂದು ಪಲ್ಟಿ ಹೊಡೆದು ತೋರಿಸು, ನೋಡುವ."

ಕಾಫಿ ಟೇಬಲ್ಲು ಸರಿಸಿದರು. ಚಿಕ್ಕ ಮಕ್ಕಳು ಗೋಡೆಗೆ ಒರಗಿ ಕೂತು ಕೈ ತಟ್ಟತೊಡಗಿದವು. ನಾನು ಚೂಡಿದಾರದಲ್ಲಿ ಕಾರ್ಪೆಟ್ಟಿನ ಮಧ್ಯೆ ನಿಂತೆ. ಹಿಂದಕ್ಕೆ ಬಾಗಿ ಕೈಯೂರಿ ಒಂದು ಸುತ್ತು ಬರುವುದು ನನಗೆ ಏಳನೇ ವಯಸ್ಸಿನ ವಿದ್ಯೆ. ಕೈ ಮೇಲೆತ್ತಿದೆ. ಎತ್ತಿದ್ದು ಹಾಗೇ ಉಳಿಯಿತು. ಮಕ್ಕಳ ಚಪ್ಪಾಳೆ ಒಂದೊಂದಾಗಿ ನಿಂತವು. ಅಪ್ಪ ಕಿಟಕಿಯ ಹೊರಗೆ ನೋಡುತ್ತಿದ್ದರು.

ಅಮ್ಮ ಅಡುಗೆಮನೆಯಿಂದ ಸೌಟು ಹಿಡಿದೇ ಬಂದಳು. "ಬೇಡ ಬಿಡಿ ಡಾಕ್ಟ್ರೇ, ಅವಳಿಗೆ ಮೈಯೆಲ್ಲಾ ನೋವು. ಏಳಿ, ಎಲೆ ಹಾಕಿದೀನಿ," ಎಂದಳು. ಎಲೆ ಹಾಕಿರಲಿಲ್ಲ, ಕಾಗದದ ತಟ್ಟೆಗಳಿನ್ನೂ ಕಟ್ಟು ಬಿಚ್ಚಿರಲಿಲ್ಲ. ಆದರೂ ಎಲ್ಲರೂ ಎದ್ದರು. ನನ್ನ ಎತ್ತಿದ ಕೈಗಳನ್ನು ಅವಳೇ ಹಿಡಿದು ಕೆಳಗಿಳಿಸಿದಳು.

ಅದೇ ವರ್ಷ ಅಮ್ಮನ ತಂದೆಗೆ ಹುಷಾರು ತಪ್ಪಿತು. ಹೊರಡಲು ಅಮ್ಮನಿಗೆ ವೀಸಾ ಬೇಕಾಯಿತು. ಸ್ಯಾನ್ ಫ್ರಾನ್ಸಿಸ್ಕೋದಲ್ಲಿದ್ದ ಭಾರತದ ದೂತಾವಾಸದ ಕಚೇರಿಗೆ ನಾನೂ ಜೊತೆಗೆ ಹೋಗಿದ್ದೆ. ನಮ್ಮ ಮುಂದೆ ಬೆನ್ನಿಗೆ ಚೀಲ ಹಾಕಿದ, ತಾಜ್ ಮಹಲ್ ನೋಡಲು ಹೊರಟಿದ್ದ ಇಬ್ಬರು ಹುಡುಗರಿದ್ದರು. ಕೌಂಟರಿನಲ್ಲಿದ್ದವರು ನಮ್ಮವರೇ, ಸೌಮ್ಯವಾಗಿಯೇ ಕೇಳಿದರು, ಯಾತಕ್ಕೆ ಹೋಗುತ್ತಿದ್ದೀರಿ ಎಂದು. ತಂದೆಯನ್ನು ನೋಡಲು ಎಂದಳು ಅಮ್ಮ. ಹಾಗಾದರೆ ಟೂರಿಸ್ಟ್ ಎಂದು ಹಾಕಿ ಎಂದರು ಅವರು. ಅಮ್ಮ ಬರೆದಳು. ಪೆನ್ನು ಹಿಡಿದ ಅವಳ ಕೈ ನೋಡಲಾರದೆ ನಾನು ಹೊರಗೆ ಹೋಗಿ ಮೆಟ್ಟಿಲ ಮೇಲೆ ನಿಂತೆ. ಜರ್ಮನಿಯ ಸೊನ್ನೆಗಿಂತ ಅದು ದೊಡ್ಡದಾಗಿ ಕಂಡಿತು. ನನ್ನ ಒಂದು ಜಿಗಿತಕ್ಕಾಗಿ ಅವಳು ಹುಟ್ಟಿದ ಮನೆಗೆ ಹೋಗಲು ಅಪ್ಪಣೆ ಕೇಳಬೇಕಾಯಿತು, ಮತ್ತು ನಾನು ಆ ಜಿಗಿತವನ್ನೂ ಜಿಗಿಯಲಿಲ್ಲ. ಅವಳು ಹೋದಳು, ತಾತ ಚೇತರಿಸಿಕೊಂಡರು, ಎರಡು ತಿಂಗಳಾದ ಮೇಲೆ ಸೊರಗಿ ಬಂದಳು.

ನಾನು ಗಿಲ್‌ರಾಯಿಗೆ ಹೋಗುವುದನ್ನು ಬಿಡಲಿಲ್ಲ. ಬಿಟ್ಟರೆ ಅದಕ್ಕಿಂತ ಅವಮಾನ ಬೇರೆ ಇಲ್ಲ ಎನ್ನಿಸಿತ್ತು. ಹಳೆಯ ಬಗೆಯ ಜಿಗಿತಕ್ಕೆ ಮರಳಿದೆ. ಇನ್ನೊಂದು ಸಲ ವಿದೇಶಕ್ಕೂ ಹೋದೆ, ನಡುಗುತ್ತಲೇ ಎಲ್ಲವನ್ನೂ ಮುಗಿಸಿದೆ, ಯಾರ ನೆನಪಿನಲ್ಲೂ ಉಳಿಯದ ಸ್ಥಾನ ಬಂತು. ಆಮೇಲೆ ಎತ್ತರ ಬೆಳೆದೆ, ಸೊಂಟ ಬಂತು, ಹಿಮ್ಮಡಿ ಮುರಿಯಿತು. ಹದಿನಾರಕ್ಕೆ ಕೋಚ್ ಕೈ ಕುಲುಕಿ ಕಳಿಸಿಕೊಟ್ಟ. ಅಪ್ಪನ ಬಾಯಲ್ಲಿ ಒಂದು ಆಕ್ಷೇಪದ ಮಾತು ಯಾವತ್ತೂ ಬರಲಿಲ್ಲ. ಅದು ಬರಲಿಲ್ಲ ಎಂಬುದೇ ನನ್ನನ್ನು ಹಿಂಡುತ್ತಿತ್ತು. ಅವರು ಕೇಳಿದ ಓದು ಓದಿದೆ, ಅವರು ಹೇಳಿದ ಕಡೆ ಮನೆ ಮಾಡಿದೆ. ಯಾವುದಕ್ಕೂ ಬೇಡ ಎನ್ನುವ ಹಕ್ಕು ನನಗಿಲ್ಲ ಎಂದುಕೊಂಡಿದ್ದೆ.

ಹೋದ ವರ್ಷ ಅಪ್ಪನ ಕಣ್ಣಿನ ಆಪರೇಷನ್ನಿಗೆಂದು ಅವರ ಮನೆಯಲ್ಲಿ ಕೆಲವು ದಿನ ಇದ್ದೆ. ಬೆಳಿಗ್ಗೆ ಕಾಫಿ ಕೊಡುವಾಗ ಏನೋ ಮಾತಿಗೆ, "ನನ್ನಿಂದ ನೀವು ವಾಪಸ್ ಹೋಗೋದು ತಪ್ತು ಅಪ್ಪ," ಎಂದೆ. ಅಷ್ಟು ವರ್ಷ ಆಡದ ಮಾತು ಅದು. ಅವರ ಒಂದು ಕಣ್ಣಿಗೆ ಪಟ್ಟಿ ಇತ್ತು. ಕಾಫಿ ಲೋಟ ಮೇಜಿನ ಮೇಲೆ ಇಟ್ಟರು.

"ನಿನ್ನಿಂದ ಅಲ್ಲ," ಎಂದರು. "ನನಗೇ ಹೋಗಕ್ಕೆ ಇಷ್ಟ ಇರಲಿಲ್ಲ. ಅಲ್ಲಿ ಹೋಗಿ ಅಣ್ಣನ ಕೈಕೆಳಗೆ ಬಾಳಕ್ಕೆ ನನ್ನ ಕೈಲಿ ಆಗ್ತಿರಲಿಲ್ಲ. ಬರ್ತೀನಿ ಅಂತ ಎಲ್ಲರಿಗೂ ಮಾತು ಕೊಟ್ಟಿದ್ದೆ. ಬರಲ್ಲ ಅನ್ನಕ್ಕೆ ನಾಚಿಕೆ. ಮಗಳಿಗೋಸ್ಕರ ಅಂದ್ರೆ ಯಾರೂ ಎದುರು ಮಾತಾಡ್ತಿರಲಿಲ್ಲ."

"ನನಗೆ ಹೇಳಬಹುದಿತ್ತು."

"ಅದಕ್ಕೂ ನಾಚಿಕೆಯೇ ಆಯ್ತು ಮಗಳೇ. ದಿನ ಹೋದ ಹಾಗೆ ಜಾಸ್ತಿ ಆಯ್ತು."

ನನಗೆ ಹಗುರವಾಗಬೇಕಿತ್ತು. ಆಗಲಿಲ್ಲ. ಅಷ್ಟು ವರ್ಷ ಹೊತ್ತದ್ದು ನನ್ನದಲ್ಲ ಎಂದ ಮಾತ್ರಕ್ಕೆ ಬೆನ್ನು ನೆಟ್ಟಗಾಗುವುದಿಲ್ಲ. ಅವರ ಮೇಲೆ ಸಿಟ್ಟು ಬಂತು, ಪಟ್ಟಿ ಕಟ್ಟಿದ ಆ ಮುಖ ನೋಡಿ ಸಿಟ್ಟಿಗೂ ಸಂಕೋಚವಾಯಿತು. ಎದ್ದು ಹಿತ್ತಿಲಿಗೆ ಹೋದೆ. ಅಮ್ಮ ಬಟ್ಟೆ ಒಣಗಿಸುತ್ತಿದ್ದಳು. ಡ್ರೈಯರಿದ್ದರೂ ಬಿಸಿಲಿನಲ್ಲೇ ಹಾಕುತ್ತಾಳೆ. ಅಪ್ಪ ಹೇಳಿದ್ದನ್ನು ಹೇಳಿದೆ.

"ಅಂತೂ ಹೇಳಿದ್ರಾ," ಎಂದಳು.

"ನಿಂಗೆ ಗೊತ್ತಿತ್ತಾ?"

"ಗೊತ್ತಿಲ್ಲದೆ ಏನು. ಹೇಳಿದ್ರೆ ಆಗ ನೀನು ಅವರ ಮುಖ ನೋಡ್ತಿರಲಿಲ್ಲ."

ನಾನು ಒಂದು ಟವೆಲ್ಲು ಕೊಡವಿ ಅವಳ ಕೈಗೆ ಕೊಟ್ಟೆ. ಅವಳು ಕ್ಲಿಪ್ಪು ಹಾಕಿದಳು.

"ನಿಂಗೆ ಹೋಗಬೇಕು ಅಂತಿತ್ತಾ, ಅಮ್ಮ?"

"ನನ್ನನ್ನ ಓದಿಸಿದ ಹೆಡ್‌ಮಿಸ್ಸು ವಾಪಸ್ ಬಂದ್ರೆ ಕೆಲಸ ಕೊಡ್ತೀನಿ ಅಂದಿದ್ರು, ಅವರ ಸ್ಕೂಲಲ್ಲೇ. ಮದುವೆಗೆ ಮುಂಚೆ ಅಲ್ಲಿ ಒಂದು ವರ್ಷ ಪಾಠ ಮಾಡಿದ್ದೆನಲ್ಲ. ನಾನು ಬರಲ್ಲ ಅಂತ ಗೊತ್ತಾದ ಮೇಲೆ ಬೇರೆಯವರನ್ನ ತಗೊಂಡ್ರು."

ಅವಳು ಪಾಠ ಮಾಡಿದ್ದಳೆಂದು ನನಗೆ ತಿಳಿದಿರಲಿಲ್ಲ. ಗಿಲ್‌ರಾಯಿಗೆ ಹೋಗುತ್ತಾ ಬರುತ್ತಾ ಅಷ್ಟು ವರ್ಷ ಒಂದೇ ಕಾರಿನಲ್ಲಿ ಕೂತಿದ್ದೆವು. ಯಾವ ವಿಷಯ ಎಂದು ಕೇಳಿದೆ.

"ಲೆಕ್ಕ," ಎಂದು ಬುಟ್ಟಿಯಿಂದ ಮುಂದಿನ ಬಟ್ಟೆ ಎತ್ತಿಕೊಂಡಳು.